ಗುತ್ತಿನ ಗಡಿಯಲ್ಲಿ ಮಾವನ ಕಲ್ಲು

ಮಾವನ ಕಲ್ಲನ್ನು ಪ್ರತಿಷ್ಠೆ ಮಾಡಿದ ದಿನ ಮಳೆ ಬಂದಿತ್ತೇ ಎಂದು ಮೊನ್ನೆ ಅಣ್ಣನನ್ನು ಕೇಳಿದೆ. ಬಂದಿತ್ತು ಎಂದ. ನನ್ನ ನೆನಪಿನಲ್ಲಿ ಚಪ್ಪರದ ತೆಂಗಿನ ಮಡಲಿನ ಸಂದಿಗಳಿಂದ ಬಿಸಿಲು ಇಳಿದು ಪಟೇಲರ ಬಿಳಿ ಶಾಲಿನ ಮೇಲೆ ಚುಕ್ಕೆ ಚುಕ್ಕೆಯಾಗಿ ಬಿದ್ದಿದೆ. ಇಬ್ಬರಲ್ಲಿ ಒಬ್ಬರು ತಪ್ಪು, ಅಥವಾ ಇಬ್ಬರೂ. ಅಮ್ಮನನ್ನು ಕೇಳುವ ಹಾಗಿಲ್ಲ, ಅವಳು ಈಗ ಇಲ್ಲ. ಆದ್ದರಿಂದ ಮಳೆಯನ್ನೂ ಬಿಸಿಲನ್ನೂ ಹಾಗೆಯೇ ಬಿಡುತ್ತೇನೆ. ಆ ದಿನ ಎಲ್ಲರೆದುರು ಹೇಳಬೇಕಾಗಿದ್ದ ಒಂದು ಮಾತನ್ನು ಯಾರೂ ಹೇಳಲಿಲ್ಲ ಎಂಬುದನ್ನು ಅಣ್ಣನೂ ಒಪ್ಪುತ್ತಾನೆ. ಅದು ಅಷ್ಟು ದೊಡ್ಡ ವಿಷಯವೇ ಎಂಬಲ್ಲಿ ಮಾತ್ರ ನಮಗೆ ಜಗಳ.

ಮಾವ ಎಂದರೆ ಅಮ್ಮನ ತಮ್ಮ. ನಮ್ಮಲ್ಲಿ ಮನೆತನ ನಡೆಯುವುದು ಹೆಣ್ಣಿನ ಕಡೆಯಿಂದ. ಮನೆಗೆ ಯಜಮಾನ ಎಂದರೆ ಮಾವ, ಅವನ ನಂತರ ಅಳಿಯ, ಅಂದರೆ ಅಕ್ಕತಂಗಿಯರ ಮಗ. ಅಪ್ಪ ಬಂದು ಹೋಗುವವರು, ಒಳ್ಳೆಯವರು, ಅಷ್ಟೆ. ಮಾವ ಬಂಟ್ವಾಳದ ಪೇಟೆಯಲ್ಲಿ ಒಂದು ದಿನಸಿ ಅಂಗಡಿಯಲ್ಲಿ ಕೆಲಸಕ್ಕಿದ್ದ. ಮಹಾ ಸಿಟ್ಟಿನವನು ಎಂದು ಅಮ್ಮ ಹೇಳುತ್ತಿದ್ದಳು. ಗಂಜಿಗೆ ಉಪ್ಪು ಹೆಚ್ಚಾದರೆ ಪಾತ್ರೆಯನ್ನೇ ಅಂಗಳಕ್ಕೆ ಎಸೆಯುವವನು. ನಲವತ್ತೆರಡರ ಗಲಾಟೆಯನ್ನು ನಮ್ಮ ಮನೆಯಲ್ಲಿ ಆ ಹೆಸರಿನಿಂದ ಕರೆಯುತ್ತಿರಲಿಲ್ಲ, ತಂತಿ ಕಡಿದ ವರ್ಷ ಎನ್ನುತ್ತಿದ್ದರು. ಫರಂಗಿಪೇಟೆಯ ಆಚೆ ರಸ್ತೆಬದಿಯ ತಂತಿಗಳನ್ನು ಕಡಿದವರಲ್ಲಿ ಮಾವನೂ ಇದ್ದ. ಕಡಿದ ಮೇಲೆ ಗುಡ್ಡ ಹತ್ತಿ ಇಳಿದು, ಬೆಳ್ತಂಗಡಿಯ ಹತ್ತಿರದ ನಮ್ಮ ಊರಿಗೆ ಬಂದು ಅಕ್ಕನ ಮುಂದೆ ನಿಂತ.

ಅವನನ್ನು ಎಲ್ಲಿ ಅಡಗಿಸುವುದೆಂದು ಯೋಚಿಸಿದವಳು ಅಮ್ಮ. ನಾವು ಗುತ್ತಿನ ಮನೆಯ ಒಕ್ಕಲು. ಗುತ್ತು ಎಂದರೆ ಊರಿನ ದೊಡ್ಡ ಮನೆ. ಅಲ್ಲಿಯ ಯಜಮಾನರೇ ಊರಿನ ಪಟೇಲರು, ಸರಕಾರದ ಜನ. ಸರಕಾರದ ಜನರ ಮನೆಯನ್ನು ಸರಕಾರದ ಪೊಲೀಸರು ಜಾಲಾಡುವುದಿಲ್ಲ ಎಂದು ಅಮ್ಮ ಲೆಕ್ಕ ಹಾಕಿದಳು. ತಲೆಯ ಮೇಲೆ ಸೊಪ್ಪಿನ ಹೊರೆ ಇಟ್ಟುಕೊಂಡು ಅವಳು ಮುಂದೆ, ಇನ್ನೊಂದು ಹೊರೆ ಹೊತ್ತು ಮಾವ ಹಿಂದೆ. ಪಟೇಲರು ಅವನನ್ನು ಜಗಲಿಯಲ್ಲಿ ಕೂರಿಸಿ ಬೆಲ್ಲ ನೀರು ಕೊಟ್ಟರು. ಬೆಲ್ಲ ನೀರು ಕೊಟ್ಟು ಕೂರಿಸಿಕೊಂಡವರು ಕೈಬಿಡುವುದು ಎಂಬುದು ನಮ್ಮ ಕಡೆ ಇಲ್ಲ. ಅಮ್ಮ ನಿಶ್ಚಿಂತೆಯಾಗಿ ಮನೆಗೆ ಬಂದಳು.

ಕೆಲವು ದಿನಗಳಾದ ಮೇಲೆ ಪೊಲೀಸರು ಬಂದರು. ಎಲ್ಲಿಯೂ ಹುಡುಕಲಿಲ್ಲ. ನೇರವಾಗಿ ಗುತ್ತಿನ ಅಟ್ಟ ಹತ್ತಿ, ಅಕ್ಕಿಮುಡಿಗಳ ಹಿಂದೆ ಗಂಜಿ ಉಣ್ಣುತ್ತಿದ್ದವನನ್ನು ಕೈ ಕಟ್ಟಿ ಇಳಿಸಿದರು. ಸುದ್ದಿ ಕೇಳಿ ಓಡಿಹೋದ ಅಮ್ಮನ ಬಳಿ ಒಬ್ಬ ಪೇದೆ ವೀಳ್ಯದೆಲೆ ಕೇಳಿದನಂತೆ. ತುಳುವಿನಲ್ಲಿಯೇ ಕೇಳಿದ. ಬಂಟ್ವಾಳದ ಕಡೆಯವನು. ಇವಳು ಯಾರೆಂದು ಅವನಿಗೆ ಗೊತ್ತಿರಲಿಲ್ಲ. ಸುಣ್ಣ ಹಚ್ಚುತ್ತ, ಈ ಸಲ ಏನೂ ಕಷ್ಟವಾಗಲಿಲ್ಲ, ಗಂಜಿಯ ಹೊತ್ತಿಗೆ ಬನ್ನಿ, ಅಟ್ಟದಲ್ಲಿರುತ್ತಾನೆ ಎಂದು ಪಟೇಲರೇ ಹೇಳಿ ಕಳಿಸಿದ್ದರು, ಎಂದ. ಮುಂದಿನ ವರ್ಷ ಕಣ್ಣೂರಿನ ಜೈಲಿನಲ್ಲಿ ಮಾವ ಜ್ವರದಿಂದ ಸತ್ತನೆಂದು ಸುದ್ದಿ ಬಂತು. ಹೆಣ ಬರಲಿಲ್ಲ.

ಇದನ್ನೆಲ್ಲ ನಾನು ಕಂಡವಳ ಹಾಗೆ ಬರೆಯುತ್ತಿದ್ದೇನೆ. ಆಗ ನನಗೆ ಬುದ್ಧಿ ತಿಳಿಯುವ ವಯಸ್ಸೇ ಅಲ್ಲ. ನನ್ನ ನೆನಪಿನ ಪೊಲೀಸರಿಗೆ ಮುಖವಿಲ್ಲ, ಮೊಣಕಾಲಿನವರೆಗೆ ಸುತ್ತಿದ ಕಾಲುಪಟ್ಟಿ ಮಾತ್ರ ಉಂಟು. ಆ ಕಾಲುಪಟ್ಟಿಯನ್ನೂ ಯಾವುದೋ ಚಿತ್ರದಿಂದ ಕದ್ದಿರಬಹುದು. ಆದರೆ ಪೇದೆಯ ಮಾತನ್ನು ಅಮ್ಮ ಹೇಳಿದ್ದನ್ನು ಎಷ್ಟೋ ಸಲ ಕೇಳಿದ್ದೇನೆ, ಒಮ್ಮೆಯೂ ಒಂದು ಅಕ್ಷರ ಬದಲಾಗಲಿಲ್ಲ. ಉಳಿದ ಕತೆಗಳನ್ನು ಅಮ್ಮ ಪ್ರತಿ ಸಲ ಬೇರೆಯೇ ಹೇಳುವವಳು.

ಸ್ವಾತಂತ್ರ್ಯ ಬಂತು. ಪಟೇಲರು ಖಾದಿ ಉಟ್ಟರು. ಗುತ್ತಿನವರೇ ಕಟ್ಟಿಸಿದ ಶಾಲೆಯ ಅಂಗಳದಲ್ಲಿ ಪ್ರತಿ ಆಗಸ್ಟಿನಲ್ಲಿ ಬಾವುಟ ಏರಿಸುವವರು ಅವರೇ. ಐವತ್ತರ ದಶಕವಿಡೀ ನಾನು ಕೇಳಿದ್ದು ಒಂದೇ ಭಾಷಣ. ಅದು ತುಳುವಿನಲ್ಲಲ್ಲ, ಶಾಲೆಯ ಕನ್ನಡದಲ್ಲಿ, ನಿಧಾನವಾಗಿ: "ಆಗ ದೇಶ ಪರರ ಕೈಯಲ್ಲಿತ್ತು. ನಮ್ಮೂರಿನ ಒಬ್ಬ ತರುಣನನ್ನು ಬ್ರಿಟಿಷರು ಹಿಡಿದರು." ನಮ್ಮೂರಿನವರು ಯಾರೂ ಬ್ರಿಟಿಷರನ್ನು ಕಂಡವರಲ್ಲ. ಬೆಳ್ತಂಗಡಿ ಕಡೆಯ ಇಗರ್ಜಿಗೆ ಒಬ್ಬ ಬಿಳಿಯ ಪಾದ್ರಿ ಬಂದಿದ್ದರಂತೆ, ಅವರೂ ಇಟಲಿಯವರು. ಆದರೂ ಮಕ್ಕಳೆಲ್ಲ ತಲೆಯಾಡಿಸುತ್ತಿದ್ದರು. ನಾನೂ ಆಡಿಸಿದ್ದೆ. ಆಮೇಲೆ ಪಟೇಲರು ಅಮ್ಮನನ್ನು ಮುಂದೆ ಕರೆದು, ವೀರನ ಅಕ್ಕ ಎಂದು ಹೇಳಿ, ಮೊದಲ ಕಲ್ಲುಸಕ್ಕರೆಯನ್ನು ಅವಳ ಕೈಗೆ ಹಾಕುವರು. ಅಮ್ಮ ಅದನ್ನು ಸೆರಗಿನ ತುದಿಗೆ ಕಟ್ಟಿಕೊಂಡು ಬರುವಳು. ತಿಂದದ್ದನ್ನು ನಾನು ನೋಡಲಿಲ್ಲ.

ಇಷ್ಟೇ ಆಗಿದ್ದರೆ ಬರೆಯುವ ಅಗತ್ಯವಿರಲಿಲ್ಲ. ದೊಡ್ಡ ಮನೆಯವರು ಮಾಡಿದ್ದನ್ನು ಮರೆಯುವುದು, ಒಕ್ಕಲಿನವರು ನೆನಪಿಟ್ಟುಕೊಳ್ಳುವುದು, ಇದು ಎಲ್ಲ ಕಡೆ ಉಂಟು. ನಮ್ಮ ಕಡೆ ಇನ್ನೂ ಒಂದುಂಟು. ಅರುವತ್ತರ ನಂತರ ಒಂದು ವರ್ಷ ಗುತ್ತಿನಲ್ಲಿ ಮೇಲಿಂದ ಮೇಲೆ ಕೇಡುಗಳಾದವು. ಕಂಬಳದ ಕೋಣ ನಿಂತಲ್ಲೇ ಬಿದ್ದು ಸತ್ತಿತು, ಬಾವಿಯ ಒಂದು ಮಗ್ಗುಲು ಕುಸಿಯಿತು, ಪಟೇಲರ ಸೋದರಸೊಸೆಗೆ ಹೊಟ್ಟೆಯಲ್ಲಿ ಮಗು ನಿಲ್ಲಲಿಲ್ಲ. ಹೀಗಾದರೆ ನಮ್ಮಲ್ಲಿ ಪ್ರಶ್ನೆ ಇಡಿಸುತ್ತಾರೆ. ಜೋಯಿಸರು ಬಂದು ಕವಡೆ ಹಾಕಿ, ಮನೆಯ ಹಿಂದಿನವರು ಮಾಡಿದ ಯಾವ ತಪ್ಪು ಈಗ ಕಾಡುತ್ತಿದೆ ಎಂದು ಹುಡುಕುತ್ತಾರೆ. ಗುತ್ತಿಗೆ ಬಂದ ಜೋಯಿಸರು ಹೇಳಿದರಂತೆ: ಈ ಮನೆಯಲ್ಲಿ ಅನ್ನ ಉಂಡ ಒಂದು ಗಂಡು ಜೀವ, ಮದುವೆಯಾಗದ್ದು, ಕೈ ಕಟ್ಟಿಸಿಕೊಂಡು ಹೊರಗೆ ಹೋಗಿದೆ. ಅದಕ್ಕೆ ಹೋಗಲು ಜಾಗವಿಲ್ಲದೆ ಗಡಿಯಲ್ಲಿ ನಿಂತಿದೆ. ಜಾಗದ ಗಡಿಯಲ್ಲಿ ಒಂದು ಕಲ್ಲು ಹಾಕಿ, ಅದನ್ನು ಮನೆಯ ದೈವವಾಗಿ ನಂಬಿ, ವರ್ಷಕ್ಕೊಮ್ಮೆ ತಂಬಿಲದ ಸೇವೆ ಕೊಡಬೇಕು.

ಆಗ ನಾನು ಮೂಡಬಿದಿರೆಯಲ್ಲಿ ಹೆಣ್ಣುಮಕ್ಕಳ ಶಾಲೆಯಲ್ಲಿ ಟೀಚರಾಗಿದ್ದೆ. ಶನಿವಾರದ ಮಧ್ಯಾಹ್ನ ವೇಣೂರು, ಗುರುವಾಯನಕೆರೆ ಮಾರ್ಗವಾಗಿ ಬಸ್ಸಿನಲ್ಲಿ ಮನೆಗೆ ಬಂದರೆ ಜಗಲಿಯಲ್ಲಿ ಗುತ್ತಿನ ಸಣ್ಣ ಧಣಿ ಕೂತಿದ್ದರು. ಪಟೇಲರ ಅಳಿಯ, ಮುಂದಿನ ಯಜಮಾನ. ಅವರು ನಮ್ಮ ಮನೆಯ ಚಾಪೆಯ ಮೇಲೆ ಕೂತದ್ದನ್ನು ಅದಕ್ಕಿಂತ ಮೊದಲು ನಾನು ಕಂಡಿರಲಿಲ್ಲ. ಅಮ್ಮ ಬೆಲ್ಲ ನೀರು ಕೊಟ್ಟಿದ್ದಳು. ಸತ್ತವನ ಮನೆಯವರು ಬಂದು ನಿಂತು ಒಪ್ಪಿದರೆ ಮಾತ್ರ ಕಲ್ಲಿಗೆ ಆ ಜೀವ ಬರುತ್ತದೆ ಎಂದು ಜೋಯಿಸರು ಕಟ್ಟುನಿಟ್ಟಾಗಿ ಹೇಳಿದ್ದಾರೆ ಎಂದು ಸಣ್ಣ ಧಣಿ ವಿವರಿಸುತ್ತಿದ್ದರು. ಮಾತೆಲ್ಲ ತುಳುವಿನಲ್ಲಿ; ನಾನು ಕನ್ನಡದಲ್ಲಿ ಬರೆಯುವಾಗ ಅದರ ಮೂಲೆಗಳು ಸವೆಯುತ್ತವೆ.

"ಯಾರ ಜೀವ ಅಂತ ಜೋಯಿಸರು ಹೇಳಿದರಾ?" ಎಂದು ಅಮ್ಮ ಕೇಳಿದಳು.

"ಹೆಸರು ಹೇಳುವ ಕ್ರಮ ಇಲ್ಲ ಅಕ್ಕ. ನಮಗೆ ಗೊತ್ತಾಯಿತು."

"ಹಿಡಿಸಿಕೊಟ್ಟದ್ದು ಯಾರು ಅಂತ?"

"ಅದು ಕವಡೆಯಲ್ಲಿ ಬರುವುದಿಲ್ಲ."

"ಹಾಗಾದರೆ ಬಾಯಲ್ಲಿ ಬರಲಿ," ಎಂದಳು ಅಮ್ಮ. "ಪಟೇಲರು ಎಲ್ಲರ ಎದುರು ಒಂದು ಮಾತು ಹೇಳಲಿ. ನಾವೇ ಹೇಳಿ ಕಳಿಸಿದ್ದು ಅಂತ. ಮತ್ತೆ ನಾನು ಬರ್ತೇನೆ, ಒಪ್ಪಿಗೆ ಕೊಡ್ತೇನೆ. ಕಲ್ಲು ಹಾಕಿ, ಬೇಕಾದರೆ ಗುಡಿ ಕಟ್ಟಿ."

ಸಣ್ಣ ಧಣಿ ಖಾಲಿ ಲೋಟವನ್ನು ಎರಡೂ ಕೈಗಳಲ್ಲಿ ತಿರುಗಿಸುತ್ತ ಕೂತರು. ಅವರಿಗೆ ನಾಚಿಕೆಯಾಗಿತ್ತು, ಅದು ನಟನೆಯಲ್ಲ ಎಂದು ಈಗಲೂ ಅನಿಸುತ್ತದೆ. "ಹೇಳಿಸುವ, ಅಕ್ಕ," ಎಂದರು. "ದೊಡ್ಡವರಿಗೂ ವಯಸ್ಸಾಯಿತು. ಅವರಿಗೂ ಭಾರ ಇಳಿಯಬೇಕು. ಹೇಳಿಸುವ."

ಅವರು ಹೊರಟಾಗ ಅಣ್ಣ ಬೇಲಿಯ ತಡಮೆಯವರೆಗೆ ಜೊತೆಗೆ ಹೋದ. ಅಲ್ಲಿ ಸ್ವಲ್ಪ ಹೊತ್ತು ಇಬ್ಬರೂ ನಿಂತರು. ಏನು ಮಾತಾಡಿದರೆಂದು ನನಗೆ ಗೊತ್ತಿಲ್ಲ. ಇಲ್ಲಿ ಒಂದು ಸಂಭಾಷಣೆ ಬರೆಯುವುದು ಬಹಳ ಸುಲಭ, ನಾಲ್ಕು ಸಾಲಿನಲ್ಲಿ ಅಣ್ಣನನ್ನು ಮುಗಿಸಬಹುದು. ಬರೆಯುವುದಿಲ್ಲ. ಅಣ್ಣ ಆಗ ಟ್ರೈನಿಂಗ್ ಮುಗಿಸಿ ಕೆಲಸವಿಲ್ಲದೆ ಇದ್ದ, ಗುತ್ತಿನ ಶಾಲೆಯಲ್ಲಿ ಒಬ್ಬ ಮೇಷ್ಟ್ರ ಜಾಗ ಖಾಲಿಯಿತ್ತು, ಮರು ಜೂನಿನಲ್ಲಿ ಆ ಜಾಗಕ್ಕೆ ಅಣ್ಣ ಹೋದ. ಇಷ್ಟು ನನಗೆ ಗೊತ್ತು.

ಅವನು ತಿರುಗಿ ಬಂದು, "ಅಮ್ಮ, ಅಷ್ಟು ಗಟ್ಟಿಯಾಗಿ ಕೇಳಬೇಕಿತ್ತಾ?" ಎಂದ.

"ಸತ್ತವನಿಗೂ ಕೇಳಬೇಕಲ್ಲ ಮಗಾ," ಎಂದಳು ಅಮ್ಮ.

ಆ ವಾರಗಳಲ್ಲಿ ಅಮ್ಮ ಹಗುರಾಗಿದ್ದಳು. ಪಟೇಲರ ಮೇಲಿನ ಅವಳ ಸಿಟ್ಟೂ ಅರ್ಧ ಇಳಿದಿತ್ತು. ಅವರನ್ನೂ ಮೇಲಿನವರು ಹೆದರಿಸಿರಬಹುದು, ಪಟೇಲಿಕೆ ಹೋಗುತ್ತದೆ ಎಂದಿರಬಹುದು, ಎಂದು ಅವಳೇ ಅವರ ಪರವಾಗಿ ವಾದಿಸುತ್ತಿದ್ದಳು. ನಮ್ಮ ಜನರ ಈ ಪದ್ಧತಿ ಎಷ್ಟು ದೊಡ್ಡದೆಂದು ನನಗೂ ಅನಿಸಿತ್ತು. ಯಾವ ಕೋರ್ಟೂ ಕರೆಯದೆ ಒಂದು ಮನೆ ತನ್ನ ಹಳೆಯ ತಪ್ಪನ್ನು ತಾನೇ ಹುಡುಕಿಕೊಂಡು ಹೋಗುತ್ತದೆ. ಕೊಂದವರು ಕೊಲ್ಲಿಸಿಕೊಂಡವನಿಗೆ ಕೈ ಮುಗಿಯುತ್ತಾರೆ. ಮೂಡಬಿದಿರೆಯ ಸ್ಟಾಫ್‌ರೂಮಿನಲ್ಲಿ ಇದನ್ನು ಹೆಮ್ಮೆಯಿಂದ ಹೇಳಿದ್ದೆ. ಘಟ್ಟದ ಮೇಲಿನ ಒಬ್ಬ ಟೀಚರು ಕೇಳಿ, "ಆಮೇಲೆ ಆ ಸತ್ತವನ ಮನೆಯವರಿಗೆ ಏನು ಸಿಗುತ್ತೆ?" ಎಂದರು. ಪ್ರಸಾದ ಎಂದೆ.

ಪ್ರತಿಷ್ಠೆಯ ಬೆಳಿಗ್ಗೆ ಗುತ್ತಿನ ಜಾಗದ ಆಗ್ನೇಯ ಮೂಲೆಯಲ್ಲಿ ಊರೆಲ್ಲ ಸೇರಿತ್ತು. ಕಲ್ಲು ಚಿಕ್ಕದು, ಮೊಣಕಾಲಿನೆತ್ತರ. ಹೆಂಗಸರಾದ ನಾವು ಹಲಸಿನ ಮರದ ಕೆಳಗೆ, ಗಂಡಸರು ಚಪ್ಪರದ ಒಳಗೆ. ಸತ್ತವನ ಮನೆಯ ಒಪ್ಪಿಗೆಯನ್ನು ಹೇಳಬೇಕಾದವನು ಅಳಿಯ, ಅಂದರೆ ಅಣ್ಣ. ಇದು ಅಮ್ಮನಿಗೆ ಗೊತ್ತಿರಲಿಲ್ಲ ಎಂದಲ್ಲ. ಮಗನ ಬಾಯಿ ತನ್ನ ಬಾಯಿಯೇ ಎಂದು ಅವಳು ತಿಳಿದಿದ್ದಳು. ಪಟೇಲರು ಹೇಳಿದ ಮೇಲೆ ನೀನು ಹೇಳು ಎಂದು ಬರುವಾಗ ದಾರಿಯಲ್ಲಿ ಅವನಿಗೆ ಹೇಳಿಯೂ ಇದ್ದಳು. ತನ್ನ ಒಪ್ಪಿಗೆಗೆ ಬೆಲೆ ಉಂಟು ಎಂದು ಸಣ್ಣ ಧಣಿಯ ಜೊತೆ ಚೌಕಾಸಿ ಮಾಡಿದಳು. ಆ ಒಪ್ಪಿಗೆ ಇದ್ದದ್ದು ಬೇರೊಬ್ಬನ ನಾಲಗೆಯ ಮೇಲೆ.

ಕಲಶದ ಕೆಲಸ ಮುಗಿಸಿದ ಭಟ್ಟರು ತಲೆಯೆತ್ತಿ, "ಅಳಿಯನ ಒಪ್ಪಿಗೆ ಉಂಟಾ?" ಎಂದು ಕೇಳಿದರು. ಪಟೇಲರು ಇನ್ನೂ ಮಾತಾಡಿರಲಿಲ್ಲ. ಅಮ್ಮ ನಿಂತಲ್ಲಿಂದಲೇ ಕತ್ತು ಚಾಚಿದಳು. ನನ್ನ ನೆನಪಿನಲ್ಲಿ ಅಣ್ಣ ಒಮ್ಮೆ ನಮ್ಮ ಕಡೆ ನೋಡುತ್ತಾನೆ. ಅವನು ಹೇಳುವುದು, ನೋಡಲಿಲ್ಲ, ಕೈಯಲ್ಲಿದ್ದ ನೀರಿನ ಗಿಂಡಿಯನ್ನೇ ನೋಡುತ್ತಿದ್ದೆ ಎಂದು.

"ಒಪ್ಪಿಗೆ," ಎಂದ. ಕಲ್ಲಿನ ಮೇಲೆ ನೀರು ಬಿಟ್ಟ.

ಆಮೇಲೆ ಪಟೇಲರು ಎದ್ದು ನಿಂತರು. ಆದದ್ದಕ್ಕೆ ಕಾಲ ಕಾರಣ ಎಂದರು. ದೋಷ ಎಂಬುದು ಮಣ್ಣಿನಲ್ಲಿ ಇರುತ್ತದೆ, ಮನುಷ್ಯರು ಬರುತ್ತಾರೆ ಹೋಗುತ್ತಾರೆ ಎಂದರು. ಈ ಮನೆಯ ಅನ್ನ ಉಂಡ ಹುಡುಗ, ಇನ್ನು ಇವನಿಗೆ ಈ ಮನೆಯಲ್ಲಿ ಶಾಶ್ವತ ಜಾಗ ಉಂಟು ಎಂದರು. ಹೇಳುವಾಗ ಅವರ ಕಣ್ಣಲ್ಲಿ ನೀರು ಬಂತು. ಅದು ನಿಜವಾದ ಕಣ್ಣೀರು. ಸುಳ್ಳು ಕಣ್ಣೀರಾಗಿದ್ದರೆ ನಮಗೆ ಒಂದು ದಾರಿಯಾದರೂ ಇರುತ್ತಿತ್ತು. ಸುತ್ತಲಿನವರು ಕೈ ಮುಗಿದರು. ಎಷ್ಟು ದೊಡ್ಡ ಮನಸ್ಸು ಎಂದು ನಮ್ಮ ಹಿಂದೆ ಯಾರೋ ಹೆಂಗಸು ಇನ್ನೊಬ್ಬಳಿಗೆ ಹೇಳಿದಳು.

ಆ ಹೊತ್ತಿಗೆ ಪಾತ್ರಿಗೆ ಆವೇಶ ಬಂತು. ದೈವ ಮೈಮೇಲೆ ಬಂದು ಮಾತಾಡುವವನೇ ಪಾತ್ರಿ. ಅವನು ಸಿಂಗಾರದ, ಅಂದರೆ ಅಡಿಕೆ ಹೂವಿನ, ಗೊನೆಯನ್ನು ಮುಖಕ್ಕೆ ಒತ್ತಿಕೊಂಡು ನಡುಗುತ್ತ, ಸಂತೋಷವಾಯಿತು, ಈ ಸಂಸಾರವನ್ನು ಕಾಯುತ್ತೇನೆ ಎಂದ. ಸಂಸಾರ ಎಂದರೆ ಗುತ್ತಿನ ಸಂಸಾರ. ಎಲ್ಲರೂ ಗಂಧಪ್ರಸಾದಕ್ಕೆ ಸಾಲಾಗುತ್ತಿದ್ದಾಗ ಅಮ್ಮ ನನ್ನ ಕೈ ಬಿಡಿಸಿಕೊಂಡು ಚಪ್ಪರದ ಒಳಗೆ ಹೋದಳು. ದಾರಿ ಬಿಟ್ಟರು, ಮೊದಲು ಪ್ರಸಾದ ಅವಳಿಗೇ ಸಲ್ಲಬೇಕಾದದ್ದು. ಅವಳು ಕೈ ನೀಡಲಿಲ್ಲ. ಪಾತ್ರಿಯನ್ನು ಕೇಳಿದಳು:

"ನೀನು ಬಂದದ್ದು ಹೌದಾದರೆ ಹೇಳು. ನಿನ್ನನ್ನು ಹಿಡಿಸಿಕೊಟ್ಟದ್ದು ಯಾರು?"

ಪಾತ್ರಿ ಹೂವನ್ನು ಇನ್ನಷ್ಟು ಒತ್ತಿಕೊಂಡ. ಅವನೂ ಗುತ್ತಿನ ಒಕ್ಕಲೇ, ಹೆಂಡತಿ ಮಕ್ಕಳು ಇರುವವನು.

"ಹಳೆಯದನ್ನು ಕೆದಕಬೇಡ ಅಕ್ಕಾ. ನನಗೆ ಯಾರ ಮೇಲೂ ಸಿಟ್ಟಿಲ್ಲ. ಆಗ ದೇಶ ಪರರ ಕೈಯಲ್ಲಿತ್ತು."

ಆ ಕೊನೆಯ ಮಾತನ್ನು ಅವನು ಕನ್ನಡದಲ್ಲಿ ಹೇಳಿದ. ಪ್ರತಿ ಆಗಸ್ಟಿನಲ್ಲಿ ನಾವೆಲ್ಲ ಅದನ್ನು ಹಾಗೆಯೇ ಕೇಳಿದ್ದೆವು. ತುಳುವಿನಲ್ಲಿ ಅದನ್ನು ಹೇಗೆ ಹೇಳುವುದೆಂದು ಅವನಿಗೂ ತಿಳಿದಿರಲಿಲ್ಲವೋ ಏನೋ.

ಅಮ್ಮ ಜನರ ಕಡೆ ತಿರುಗಿ ಹೇಳಿದಳು: "ನನ್ನ ತಮ್ಮನಿಗೆ ಸಿಟ್ಟಿಲ್ಲವಂತೆ. ಉಪ್ಪು ಹೆಚ್ಚಾದರೆ ಗಂಜಿ ಎಸೆಯುವವನಿಗೆ. ಇದು ಯಾರೋ ಬೇರೆಯವರು."

ಹಿಂದಿನ ಸಾಲಿನಲ್ಲಿ ಒಬ್ಬರು ನಕ್ಕು, ಕೆಮ್ಮಿದ ಹಾಗೆ ಮಾಡಿದರು. ಪಟೇಲರು ಮೆಲ್ಲನೆ, "ತಂಗೀ, ದೈವದ ಎದುರು ಹಾಗೆ ಹೇಳಬಾರದು," ಎಂದರು.

"ದೈವಕ್ಕೆ ಹೇಳಿದ್ದಲ್ಲ ಪಟೇಲರೇ," ಎಂದಳು ಅಮ್ಮ.

ನಾವಿಬ್ಬರೂ ಊಟಕ್ಕೆ ನಿಲ್ಲದೆ ಹೊರಟೆವು. ಅಣ್ಣ ನಿಂತ. ಅಳಿಯ ಪಂಕ್ತಿಯಲ್ಲಿ ಕೂರದಿದ್ದರೆ ಕಾರ್ಯ ಮುಗಿಯುವುದಿಲ್ಲವಂತೆ. ಗದ್ದೆಯ ಹುಣಿಯ ಮೇಲೆ ಅಮ್ಮ ಮುಂದೆ ನಡೆಯುತ್ತ, ಹಿಂದೆ ತಿರುಗದೆ, "ಹೆದರಿದೆ ಅಂತ ಹೇಳಿದ್ದರೂ ಸಾಕಿತ್ತು. ಹೆದರದವರು ಯಾರು?" ಎಂದಳು. ಅದು ಪಟೇಲರ ಬಗ್ಗೆಯೋ ಅಣ್ಣನ ಬಗ್ಗೆಯೋ ನಾನು ಕೇಳಲಿಲ್ಲ.

ಮೂಡಬಿದಿರೆಗೆ ಮರಳಿದ ಮೇಲೆ ನನಗೆ ನಾಲ್ಕನೆಯ ಕ್ಲಾಸಿಗೆ ಸ್ವಾತಂತ್ರ್ಯದ ಪಾಠ ಮಾಡಬೇಕಿತ್ತು. ಒಂದು ಹುಡುಗಿ ಎದ್ದು, ಆಗಿನ ಪೊಲೀಸರೂ ಬಿಳಿಯರಾ ಟೀಚರ್ ಎಂದು ಕೇಳಿದಳು. ಅಲ್ಲ, ನಮ್ಮವರೇ, ನಮ್ಮ ಹಾಗೆ ವೀಳ್ಯ ತಿನ್ನುವವರು ಎಂದೆ. ಪಕ್ಕದ ಕ್ಲಾಸಿನಲ್ಲಿದ್ದ ದೊಡ್ಡ ಟೀಚರಿಗೆ ಅದು ಕೇಳಿಸಿತು. ಮಧ್ಯಾಹ್ನ ಕರೆದು, ಬೈಯಲಿಲ್ಲ, ಪ್ರೀತಿಯಿಂದಲೇ, ಅದೆಲ್ಲ ಪರೀಕ್ಷೆಗೆ ಬರುವುದಿಲ್ಲ ಮಾರಾಯ್ತಿ ಎಂದರು. ಹೌದು, ಬರುವುದಿಲ್ಲ. ಆ ಹುಡುಗಿಯೂ ಪರೀಕ್ಷೆಯಲ್ಲಿ ಬ್ರಿಟಿಷರು ಎಂದೇ ಬರೆದು ಪೂರ್ತಿ ಅಂಕ ಪಡೆದಳು. ನಾನೇ ಕೊಟ್ಟದ್ದು.

ಮಳೆಗಾಲದ ನಡುವಿನ ಆಟಿ ತಿಂಗಳಲ್ಲಿ ನಮ್ಮ ಮನೆಗಳಲ್ಲಿ ಸತ್ತವರಿಗೆ ಬಡಿಸುವ ಕ್ರಮ ಉಂಟು. ಒಳಗಿನ ಕೋಣೆಯಲ್ಲಿ ಎಲೆ ಹಾಕಿ, ಅವರಿಗೆ ಇಷ್ಟವಾದದ್ದನ್ನು ಬಡಿಸಿ, ಬಾಗಿಲು ಮುಚ್ಚಿ ಹೊರಗೆ ನಿಂತು, ಬಂದು ಉಣ್ಣಿ, ತಪ್ಪಿದ್ದರೆ ಕ್ಷಮಿಸಿ ಎಂದು ಹೇಳುತ್ತಾರೆ. ಸ್ವಲ್ಪ ಹೊತ್ತಿನ ಮೇಲೆ ಬಾಗಿಲು ತೆರೆಯುತ್ತಾರೆ. ಆ ವರ್ಷ ಅಮ್ಮ ಎಂದಿನಂತೆ ಮಾವನಿಗೆ ಎಲೆ ತೊಳೆಯುತ್ತಿದ್ದಳು. ನಾನು ರಜೆ ಹಾಕಿ ಬಂದಿದ್ದೆ. ಅಣ್ಣ ಆಗಲೇ ಗುತ್ತಿನ ಶಾಲೆಯ ಮೇಷ್ಟ್ರು.

"ಅಮ್ಮ, ಅವರು ಈಗ ದೈವ," ಎಂದ. "ಮನೆಯಲ್ಲಿ ಎಲೆ ಹಾಕಬಾರದಂತೆ. ದೋಷವಂತೆ."

"ಯಾರ ಮನೆಯ ದೈವ?"

"ಗುತ್ತಿನದ್ದು."

"ಗುತ್ತಿನ ದೈವ ಗುತ್ತಿನಲ್ಲಿ ಉಣ್ಣಲಿ. ನನ್ನ ತಮ್ಮ ಇಲ್ಲಿ ಉಣ್ಣುತ್ತಾನೆ."

ಕುಚಲಕ್ಕಿ ಅನ್ನ, ಕೋಳಿ ಸಾರು, ಪತ್ರೊಡೆ, ಒಂದು ಲೋಟ ಕಳ್ಳು. ಇವುಗಳ ಬಗ್ಗೆ ಮಾತ್ರ ಅಣ್ಣನದೂ ನನ್ನದೂ ನೆನಪು ಒಂದೇ. ಅಮ್ಮ ಬಾಗಿಲು ಮುಚ್ಚಿದಳು. ನಾವಿಬ್ಬರೂ ಅವಳ ಹಿಂದೆ ನಿಂತಿದ್ದೆವು. ಬಂದು ಉಣ್ಣು ಎಂದು ಅವಳು ಹೇಳಲಿಲ್ಲ. ಬಾಗಿಲಿನ ಹಲಗೆಗೆ ಬಾಯಿ ಹತ್ತಿರ ತಂದು, ನೆರೆಮನೆಯವರಿಗೂ ಕೇಳುವಷ್ಟು ಗಟ್ಟಿಯಾಗಿ, ಹೇಳಿದಳು:

"ನಿನ್ನನ್ನು ಹಿಡಿಸಿಕೊಟ್ಟದ್ದು ಗುತ್ತಿನ ಪಟೇಲರು. ನಿನ್ನನ್ನು ಅಲ್ಲಿಗೆ ಕರಕೊಂಡು ಹೋದದ್ದು ನಾನು."

ಮಳೆ ಸುರಿಯುತ್ತಿತ್ತು. ಈ ಮಳೆಯ ಬಗ್ಗೆ ಅನುಮಾನವಿಲ್ಲ, ಅದು ಆಟಿ. ನಾನು ಅಣ್ಣನನ್ನು ನೋಡಲಿಲ್ಲ. ಅವನು ಏನಾದರೂ ಹೇಳುತ್ತಾನೆ, ಮೂರನೆಯ ಒಂದು ಮಾತು ಬರುತ್ತದೆ ಎಂದು ಅಮ್ಮ ಕಾದಳು ಎಂದು ನನಗೆ ಅನಿಸಿತು. ಬರಲಿಲ್ಲ.

ಅವಳು ಬಾಗಿಲು ತೆರೆದಳು. ಎಲೆ ಬಡಿಸಿದ ಹಾಗೆಯೇ ಇತ್ತು. ಮಾವನಿಗೆ ಹಾಕಿದ ಎಲೆಯಲ್ಲಿ ಉಣ್ಣುವ ಹಕ್ಕು ಅಳಿಯನಿಗೆ. ಸಣ್ಣವನಿದ್ದಾಗಿನಿಂದ ಅಣ್ಣನೇ ಉಣ್ಣುತ್ತ ಬಂದವನು. "ಕೂತುಕೋ ಮಗಾ," ಎಂದಳು ಅಮ್ಮ. ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಎಂದಿನದೇ ದನಿ. ಅವನು ಕೂತ. ತಲೆ ಎತ್ತದೆ, ಒಂದು ಅಗುಳೂ ಬಿಡದೆ ಉಂಡ. ಮೂಗಿನಿಂದ, ಕಣ್ಣಿನಿಂದ ನೀರು ಇಳಿಯುತ್ತಿತ್ತು. ಅಮ್ಮ ಪಕ್ಕದಲ್ಲಿ ನಿಂತು ಮತ್ತೆ ಮತ್ತೆ ಬಡಿಸಿದಳು.

ಆ ವರ್ಷ ಸಾರಿಗೆ ಖಾರ ಹೆಚ್ಚಾಗಿತ್ತು ಎಂದು ಅಣ್ಣ ಈಗಲೂ ಹೇಳುತ್ತಾನೆ. ನಾನೂ ಅದೇ ಸಾರು ಉಂಡಿದ್ದೆ. ಖಾರ ನೆನಪಿಲ್ಲ.